ತವರಿನ ಮಿಣುಕುಬಳ್ಳಿ

ಕುಂಬಾರಕೊಪ್ಪಲು, ಮೈಸೂರು
೧೪-೬-೧೯೯೮, ಭಾನುವಾರ

ಮುದ್ದು ತಂಗಿ ಶಿಲ್ಪಶ್ರೀಗೆ, ನಾಲ್ಕನೇ ಕ್ಲಾಸಿಗೇ ಮೇಷ್ಟ್ರಿಗೆ ಕೈಮುಗಿದು ಬಂದ ನಿನ್ನ ಅಣ್ಣನ ಆಶೀರ್ವಾದ.

ನಾನು ಕ್ಷೇಮ, ಪೊಲೀಸ್ ಠಾಣೆ ತಲುಪುವವರೆಗೆ. ನೀನೂ ಮಗಳು ನಿಶ್ಚಿತಾನೂ ಗುಂಡ್ಲುಪೇಟೆ ಸೇರಿದಿರಾ? ಮಂಜುಳಮ್ಮ ಚಿಕ್ಕಮ್ಮ ನಿನ್ನ ಹಣೆಯ ಗಾಯಕ್ಕೆ ಅರಿಶಿನ ಮೆತ್ತಿದ್ದರೆ ತೊಳೆದು ಆಸ್ಪತ್ರೆಗೆ ಹೋಗು. ಅವರು ಮುರಿದ ಕಾಲಿಗೂ ಅರಿಶಿನ ಮೆತ್ತುವವರು.

ನಿನ್ನೆ ಬಸ್ ಸ್ಟ್ಯಾಂಡಿನಲ್ಲಿ ನಾನು ಹೇಳಿದ್ದು ಯಾವುದೂ ನಿನ್ನ ಕಿವಿಗೆ ಬಿದ್ದ ಹಾಗಿರಲಿಲ್ಲ. ಅದಕ್ಕೇ ನಡೆದದ್ದನ್ನು ಬರೆಯುತ್ತಿದ್ದೇನೆ. ನಿಧಾನಕ್ಕೆ ಓದಿಕೋ.

ಮೊದಲು ನನ್ನ ತಪ್ಪು. ನಿನ್ನ ಮದುವೆಯಲ್ಲಿ ಅವ್ವ ಮಡಿಲಕ್ಕಿಯ ಜೊತೆ ನಮ್ಮ ಮಿಣುಕುಬಳ್ಳಿಯ ಒಂದು ಕಡ್ಡಿಯನ್ನೂ ನಿನ್ನ ಸೆರಗಿಗೆ ಹಾಕಿದಳಲ್ಲ, ಅದನ್ನು ನೀನು ಸರಸ್ವತಿಪುರಂ ಮನೆಯ ಬಚ್ಚಲ ಪಕ್ಕ ನೆಟ್ಟೆ. ಇಲ್ಲಿ ತಾಯಿಬಳ್ಳಿ ದಿನಾ ಸಂಜೆ ಮಿಣುಕುಹುಳದಷ್ಟು ಬೆಳಗುತ್ತಿತ್ತು. ಅವ್ವ ಹೋದ ಮೇಲೆ, ಈ ಎರಡು ವರ್ಷದಿಂದ, ಶನಿವಾರ ಬಂತೆಂದರೆ ಎಲೆ ಎಲೆಯೂ ಧಗ್ಗನೆ ಹತ್ತಿಕೊಳ್ಳತೊಡಗಿತು. ಕಡ್ಡಿ ಹೋದ ಮನೆಯ ಸುಖ ತಾಯಿಬಳ್ಳಿಯಲ್ಲಿ ಕಾಣುತ್ತದೆ ಅಂತ ಅವ್ವ ಹೇಳುತ್ತಿದ್ದಳಲ್ಲ, ತಂಗಿ ಗಂಡನ ಮನೆಯಲ್ಲಿ ಮೆರೆಯುತ್ತಿದ್ದಾಳೆ ಅಂದುಕೊಂಡೆ. ಸೈಕಲ್ ಅಂಗಡಿಯ ಬಾಗಿಲು ಎಳೆದು, "ಬನ್ರೀ, ಅರಮನೆ ಲೈಟಿಂಗು ನಮ್ಮ ಹಿತ್ಲಿಗೇ ಬಂದ್ಬುಟ್ಟದೆ!" ಅಂತ ಬೀದಿಯನ್ನೆಲ್ಲ ಕರೆದೆ. ಕಡಲೆಪುರಿ ಹಂಚಿದೆ. ಮಕ್ಕಳ ಕೈಯಲ್ಲಿ ಚಪ್ಪಾಳೆ ಹೊಡೆಸಿದೆ.

ನಿನ್ನೆ ಸಂಜೆಯೂ ಹಾಗೇ ಕರೆದೆ. ಎದುರು ಮನೆಗೆ ಹೊಸದಾಗಿ ಬಾಡಿಗೆಗೆ ಬಂದಿರುವ ಗಿರಿಜಾಂಬಾ ಅವರೂ ಬಂದರು. ಬಳ್ಳಿ ನೋಡಿದ್ದೇ ಪುರಿಯ ತಟ್ಟೆಯನ್ನು ನನ್ನ ಕೈಯಿಂದ ಕಿತ್ತು ನೆಲಕ್ಕೆ ಬಡಿದರು. "ನಗ್ತೀಯಲ್ಲೋ! ಅಲ್ಲಿ ಕಡ್ಡಿ ಬುಡಕ್ಕೆ ಹೆಣ್ಣುಮಗಳ ರಕ್ತ ಬಿದ್ರೆ ಇಲ್ಲಿ ಹಿಂಗೆ ಉರೀತದೆ ಕಣೋ. ಮಾನಕ್ಕಂಜಿ ಯಾರೂ ಬಾಯಿ ಬುಡಲ್ಲ. ನನ್ನ ಮಗಳದ್ದು ಉರಿದಾಗ ನಾನೂ ಆರತಿ ಎತ್ತಿದ್ದೆ. ಒಂದಿನ ಬಳ್ಳಿನೇ ಆರೋಯ್ತು" ಅಂದರು.

ಎರಡು ವರ್ಷ, ಶಿಲ್ಪ. ನಿನ್ನ ರಕ್ತಕ್ಕೆ ನಾನು ಚಪ್ಪಾಳೆ ಹೊಡೆಸಿದ್ದೇನೆ.

ಆಟೋ ಹತ್ತಿ ನಿಮ್ಮ ಮನೆಗೆ ಬಂದೆ. ನಿನ್ನ ಗಂಡ ಅನ್ನಿಸಿಕೊಂಡ ಮಹಾಂತೇಶ ನಿನ್ನ ಜಡೆಯನ್ನು ಕೈಗೆ ಸುತ್ತಿಕೊಂಡು ಹಣೆಯನ್ನು ಒಗೆಯುವ ಕಲ್ಲಿಗೆ ಬಡಿಯುತ್ತಿದ್ದ. ಒಂದೊಂದು ಏಟಿಗೂ ಕಡ್ಡಿ ಬೆಳ್ಳಗೆ ಉರಿದು ಅವನ ಹಲ್ಲು ಹೊಳೆಯುತ್ತಿತ್ತು. "ಬುಡ್ರೀ ಅವಳ್ನ" ಅಂದೆ. "ಬನ್ನಿ ಜೋಕರ್ ಭಾವ, ಒಂದು ಜೋಕ್ ಹೇಳಿ, ನಿಮ್ಮ ತಂಗಿ ನಗ್ಲಿ" ಅಂದ. ಅವನು ಹೀಗೆ ತಿರುಗಿದ ಹೊತ್ತಿಗೆ ನೀನು ಜಡೆ ಬಿಡಿಸಿಕೊಂಡು ಹಿತ್ತಲ ಬಾಗಿಲಿನಿಂದ ಓಡಿದೆ. ಮುಂದಿನದನ್ನು ನೀನು ನೋಡಲಿಲ್ಲ.

ತೊಳೆಯಲು ಹಾಕಿದ್ದ ಕಬ್ಬಿಣದ ಕುಟ್ಟಾಣಿ ಅಲ್ಲೇ ಬಿದ್ದಿತ್ತು. ಎತ್ತಿಕೊಂಡೆ. ಮೂರು ಏಟು, ತಲೆಗೆ. ಮೊದಲನೆಯದಕ್ಕೆ ತೆಂಗಿನಕಾಯಿ ಒಡೆದ ಸದ್ದಾಯಿತು. ಎರಡನೆಯದಕ್ಕೆ ಮಂಡಿಯೂರಿದ. ಮೂರನೆಯದು ಬೇಕಿರಲಿಲ್ಲ, ಆದರೂ ಬಿತ್ತು. ಅವನ ರಕ್ತ ಹರಿದು ಬಳ್ಳಿಯ ಬುಡ ತೊಯ್ದಿತು. ಬಳ್ಳಿ ಮಿಣಕ್ ಅನ್ನಲಿಲ್ಲ.

ಪಕ್ಕದ ಮನೆಯಲ್ಲಿ ಆಡುತ್ತಿದ್ದ ನಿಶ್ಚಿತಾಳನ್ನು ಕರೆದುಕೊಂಡು, ಬೀದಿಯ ಕೊನೆಯಲ್ಲಿ ನಿಂತಿದ್ದ ನಿನ್ನನ್ನು ಹುಡುಕಿ, ನಿಮ್ಮಿಬ್ಬರನ್ನೂ ಬಸ್ ಹತ್ತಿಸಿದೆ. ಮನೆಗೆ ಬೀಗ ಹಾಕಿದ್ದೇನೆ, ಕೀಲಿ ನನ್ನ ಜೇಬಿನಲ್ಲಿದೆ. ಈ ಕಾಗದವನ್ನು ಅಂಚೆ ಡಬ್ಬಕ್ಕೆ ಹಾಕಿ, ಕೀಲಿಯನ್ನು ಇನ್ಸ್‌ಪೆಕ್ಟರ ಮೇಜಿನ ಮೇಲೆ ಇಡುತ್ತೇನೆ.

ಪೊಲೀಸರು ಅಲ್ಲಿಗೆ ಬಂದು ಕೇಳಿದರೆ ಮೇಲೆ ಬರೆದಷ್ಟೇ ಹೇಳು, ಒಂದಕ್ಷರ ಹೆಚ್ಚು ಬೇಡ. ನಿಶ್ಚಿತಾಗೆ ಆರು ವರ್ಷ. ಮಾವ ಜೈಲಿನಲ್ಲಿದ್ದರೆ ಅವಳಿಗೆ ನಡೆಯುತ್ತದೆ, ಅಮ್ಮ ಇಲ್ಲದಿದ್ದರೆ ನಡೆಯುವುದಿಲ್ಲ. ನನ್ನ ಚಿಂತೆ ಮಾಡಬೇಡ. ಇಲ್ಲಿ ನಾನು ಜೋಕ್ ಶುರುಮಾಡಿದರೆ ಜನ ಎದ್ದು ಹೋಗುತ್ತಾರೆ, ಅಲ್ಲಿ ಯಾರೂ ಎದ್ದು ಹೋಗುವ ಹಾಗಿಲ್ಲ.

ಇಂತಿ ನಿನ್ನ ಪೆದ್ದಣ್ಣ,
ಗುರುಮಲ್ಲಪ್ಪ

ವಿ.ಸೂ.: ಇದನ್ನು ಬಾಯಿಪಾಠ ಮಾಡಿ ಒಲೆಗೆ ಹಾಕು, ಚಿಕ್ಕಮ್ಮನಿಗೂ ತೋರಿಸಬೇಡ. ನಾನು ಬಂದಾಗ ಅವನ ಉಸಿರು ನಿಂತಿತ್ತು, ಕುಟ್ಟಾಣಿ ನಿನ್ನ ಕೈಯಲ್ಲಿತ್ತು ಅನ್ನುವುದನ್ನು ನೀನೂ ಮರೆ, ನಾನೂ ಮರೆಯುತ್ತೇನೆ. ತೊಡಕು ಒಂದೇ. ಏಟು ಬಿದ್ದಿರುವುದೆಲ್ಲ ಅವನ ತಲೆಯ ಬಲಗಡೆ, ಎದುರು ನಿಂತು ಎಡಗೈಯಲ್ಲಿ ಹೊಡೆದದ್ದು ಅಂತ ಯಾರಿಗಾದರೂ ಗೊತ್ತಾಗುತ್ತದೆ. ಅದಕ್ಕೆ ನನಗೆ ಅಭ್ಯಾಸವಾಗಲಿ ಅಂತ ಈ ಕಾಗದವನ್ನು ಪೂರ್ತಿ ಎಡಗೈಯಲ್ಲೇ ಬರೆದಿದ್ದೇನೆ. ಬೆಳಿಗ್ಗೆ ಉಪ್ಪಿಟ್ಟನ್ನೂ ಎಡಗೈಯಲ್ಲೇ ತಿಂದೆ, ಅರ್ಧ ಅಂಗಿಯ ಮೇಲೆ ಬಿತ್ತು. ಇವತ್ತಿನಿಂದ ನೀನು ಬಲಗೈಯಲ್ಲಿ ಊಟ ಮಾಡುವುದನ್ನು ಕಲಿ.