ಕೊನೆಯ ನಾಲ್ಕು ನಿಮಿಷ

ಮಾರ್ಚ್ ೯, ಭಾನುವಾರ, ಲಾರ್ನಕಾ

ಇವತ್ತೂ ಬದಲಿ ಆಟಗಾರರ ಬೆಂಚೇ. ಕೋಚ್ ನನ್ನನ್ನು ಇಳಿಸಿದ್ದು ಕೊನೆಯ ನಾಲ್ಕು ನಿಮಿಷಕ್ಕೆ. ಚೆಂಡು ಸಿಕ್ಕಿದ್ದು ಒಂದೇ ಸಲ, ಅದನ್ನೂ ಎದುರಾಳಿಗೆ ಕೊಟ್ಟೆ. ಲೆಬನಾನ್ ಫುಟ್‌ಬಾಲ್ ತಂಡಕ್ಕೆ ನಾನು ಆಡಿದ ಪಂದ್ಯಗಳು ಈ ಸೈಪ್ರಸ್ ಕ್ಲಬ್‌ನಲ್ಲಿ ಯಾರಿಗೂ ಲೆಕ್ಕಕ್ಕಿಲ್ಲ. ಸಾಕಾಗಿದೆ, ನಮ್ಮೂರು ಸೈದಾಗೆ ವಾಪಸ್ ಬರುತ್ತೇನೆ ಎನ್ನಲೆಂದೇ ಅಮ್ಮನಿಗೆ ಫೋನ್ ಮಾಡಿದೆ. ಅವಳು ಪಂದ್ಯವನ್ನು ಫೋನಿನಲ್ಲಿ ನೋಡಿದ್ದಳು.

"ಎಷ್ಟು ಸೊರಗಿದ್ದೀಯೇ ಯುಮ್ನಾ! ಏನೂ ತಿಂತಿಲ್ವಾ?"

"ಆಡಿದ್ದು ನಾಲ್ಕೇ ನಿಮಿಷ ಅಮ್ಮಾ."

"ನಿಮ್ಮಪ್ಪಾನೂ ಅದನ್ನೇ ಅಂದ್ರು. ಆ ಕೋಚಿಗೆ ಕಣ್ಣಿಲ್ವಾ ಅಂತ ಬೈದ್ರು."

ಅಪ್ಪ! ನಾನು ಆಡುವುದು ಹಿಡಿಸದೆ ಆರು ವರ್ಷದಿಂದ ನನ್ನ ಆಟದ ಮಾತೇ ಎತ್ತದ ಅಪ್ಪ.

ವಾಪಸ್ ಬರುವ ಮಾತು ಎತ್ತದೆ, ಮುಂದಿನ ಪಂದ್ಯ ಯಾವಾಗ ಎಂದು ಅಮ್ಮನಿಗೆ ಹೇಳಿ ಫೋನ್ ಇಟ್ಟೆ. ಬೆಳಿಗ್ಗೆ ಆರಕ್ಕೆ ಅಭ್ಯಾಸವಿದೆ. ಕಣ್ಣು ಎಳೆಯುತ್ತಿದೆ. ಆದರೂ ಅಪ್ಪ ಅದನ್ನು ಯಾವ ದನಿಯಲ್ಲಿ ಅಂದಿರಬಹುದು ಎಂದು...