ಅಣಬೆ ಡ್ರೈಯರಿನಲ್ಲಿ 1976ರ ಟೇಪು

ಸೆಪ್ಟೆಂಬರ್ 3, ಬುಧವಾರ
ಬಾರ್ಲಿ ಚಹಾ. ಆಮೇಲೆ ಎಂದಿನಂತೆ ಹಳೇ ಸಂಗೀತದ ಫೈಲ್‌ಗಳ ತಪಾಸಣೆ. ಇವತ್ತಿನದು ನಗರಸಭೆಯ ವೆಬ್‌ಸೈಟಿನದು — ನಮ್ಮ ಹಡಗುಕಟ್ಟೆ ಕಾರ್ಮಿಕರ ಬಿಗ್ ಬ್ಯಾಂಡ್, 1976. ಇಂಗ್ಲಿಷ್ ರಾಕ್ ಹಾಡುಗಳನ್ನು ಗಿಟಾರೇ ಇಲ್ಲದೆ ಹದಿನೇಳು ಜನ ನುಡಿಸಿದ್ದು. ‘ಲಾಸ್‌ಲೆಸ್, ಮೂಲ ಧ್ವನಿ’ ಎಂದು ಬರೆದಿದ್ದಾರೆ, ಅಂದರೆ ಚೂರೂ ಕಳೆದಿಲ್ಲವಂತೆ. ಸುಳ್ಳು! ಧ್ವನಿಯ ಗ್ರಾಫಿನಲ್ಲಿ ಹದಿನಾರು ಸಾವಿರ ಹರ್ಟ್ಸ್‌ನಿಂದಾಚೆಯ ಕಂಪನಗಳೆಲ್ಲ ಚಾಕುವಿನಿಂದ ಕೊಯ್ದ ಹಾಗೆ ಮಾಯ. ಹಿಂಡಿ ಕಿರಿದಾಗಿಸಿದ ಎಂಪಿ3ಯನ್ನೇ ದೊಡ್ಡ ಫೈಲಿಗೆ ತುಂಬಿ ಹೊಸ ಹೆಸರಿಟ್ಟಿದ್ದಾರೆ. ನಾಲ್ಕು ಟ್ರೊಂಬೋನ್ ಕಲಸಿದ ಗಂಜಿ. 1988ರಲ್ಲಿ ಇದೇ ನಗರಸಭೆ ನಮ್ಮ ಸ್ವರಲಿಪಿಗಳನ್ನು ಹಳೇ ಕಾಗದವೆಂದು ಸುಟ್ಟಿತ್ತು. ಮರೆತಿಲ್ಲ.

ಸೆಪ್ಟೆಂಬರ್ 5, ಶುಕ್ರವಾರ
ನಗರಸಭೆಯ ಸಂಸ್ಕೃತಿ ವಿಭಾಗಕ್ಕೆ ದೂರು ಹೇಳಲು ಹೋದೆ. ಕೌಂಟರಿನಲ್ಲಿ ನಿಶಿತಾನಿ ಎಂಬ ಗುಮಾಸ್ತ. ಮೂವತ್ತೈದರ ಆಸುಪಾಸು.
“ಯಜಮಾನ್ರೇ, ಈ ವಯಸ್ಸಲ್ಲಿ ಅಷ್ಟು ಮೇಲಿನ ಸದ್ದು ನಿಮ್ ಕಿವಿಗೆ ಬೀಳುತ್ತಾ?”
“ಸದ್ದು ಬೀಳಲ್ಲಪ್ಪ. ಸುಳ್ಳು ಕಣ್ಣಿಗೆ ಬೀಳುತ್ತೆ.”
ನಕ್ಕ. ಆಮೇಲೆ ದನಿ ತಗ್ಗಿಸಿದ. ಅವನೂ ಹವ್ಯಾಸಿ ಬ್ಯಾಂಡಿನಲ್ಲಿ ಟ್ರೊಂಬೋನ್ ಊದುತ್ತಾನಂತೆ. ಡಿಸೆಂಬರಿನಲ್ಲಿ ಇವೇ ಹಾಡುಗಳನ್ನು ನುಡಿಸುವ ಆಸೆ. ಸ್ವರಲಿಪಿ ಇಲ್ಲ, ಫೈಲ್ ಕೇಳಿ ಬರೆಯಹೋದರೆ ಒಂದೊಂದು ವಾದ್ಯದ ಭಾಗ ಬೇರೆಯಾಗಿ ಸಿಗುತ್ತಿಲ್ಲ. ಆ ಹಾಡುಗಳನ್ನು ನಮ್ಮ ಬ್ಯಾಂಡಿಗೆ ಹೊಂದಿಸಿ ಬರೆದ ಶಿಗೆಮೊರಿ ತೀರಿಕೊಂಡು ಆರು ವರ್ಷ.
“ಮೂಲ ಟೇಪು ಎಲ್ಲಾದ್ರೂ ಇದ್ರೆ...”
ಇದ್ದರೆ ಶಿಗೆಮೊರಿಯ ಹೆಂಡತಿ ಫುಮಿಯೆ ಬಳಿಯೇ.

ಸೆಪ್ಟೆಂಬರ್ 7, ಭಾನುವಾರ
ಸಿಕ್ಕಿತು! ಫುಮಿಯೆ ಅಕ್ಕ ಕಿಮೊನೊ ಪೆಟ್ಟಿಗೆಯಲ್ಲಿ ಇಟ್ಟಿದ್ದರು. ಮನೆಗೆ ತಂದವನೇ ಯಂತ್ರಕ್ಕೇರಿಸಿದೆ. ಕಿರ್ರೆಂದಿತು. ಟೇಪು ಉಜ್ಜಿಕೊಂಡು ಹೋಗುವ ಹೆಡ್ಡಿನ ಮೇಲೆಲ್ಲ ಕಂದು ಪುಡಿ. ಹಳೇ ಟೇಪು ಅಂಟಾಗಿರುತ್ತದೆ, ಮೊದಲು ಹದವಾಗಿ ಕಾಯಿಸಿ ಎಂದು ಇಪ್ಪತ್ತು ವರ್ಷ ಊರಿಗೆಲ್ಲ ಉಪದೇಶಿಸಿದವನು ನಾನು. ಮೊದಲ ಹನ್ನೊಂದು ಸೆಕೆಂಡು ಉದುರಿಹೋಯಿತು. ಇನ್ನು ನಗರಸಭೆಯನ್ನು ಬೈಯಲು ನನಗೇನು...

ಸೆಪ್ಟೆಂಬರ್ 19, ಶುಕ್ರವಾರ
ಫುಮಿಯೆ ಅಕ್ಕನಿಗೆ ಕೊನೆಗೂ ಹೇಳಿದೆ.
“ಹನ್ನೊಂದು ಸೆಕೆಂಡಾ? ಹಾಡು ಶುರುವಾಗೋ ಮುಂಚೆ ಅಷ್ಟು ಹೊತ್ತೂ ನಮ್ಮೆಜಮಾನ್ರು ಕೆಮ್ತಾನೇ ಇರ್ತಿದ್ರು ಕಣೋ! ಮುಖ ಇಳಿಬಿಡ್ಬೇಡ. ಎಷ್ಟು ಬಿಸಿ ಬೇಕು ಹೇಳು.”
“ಐವತ್ತೈದು ಡಿಗ್ರಿ. ಎಂಟು ಗಂಟೆ.”
“ಅಯ್ಯೋ, ನಾನು ಅಣಬೆ ಒಣಗಿಸೋದೂ ಹಾಗೇನೇ. ಡ್ರೈಯರ್ ಅಡುಗೆಮನೇಲೇ ಇದೆ.”

ಸೆಪ್ಟೆಂಬರ್ 28, ಭಾನುವಾರ, ಬೆಳಿಗ್ಗೆ 10:40
ಟೇಪು ನಿನ್ನೆ ಎಂಟು ಗಂಟೆ ಡ್ರೈಯರಿನಲ್ಲಿತ್ತು. ಅಕ್ಕನ ಮನೆಯಲ್ಲೇ ಯಂತ್ರ ಹೂಡಿದ್ದೇವೆ. ನಿಶಿತಾನಿ ಖಾಲಿ ಸ್ವರಲಿಪಿ ಹಾಳೆಗಳೊಂದಿಗೆ ಬಂದಿದ್ದಾನೆ. ವೆಬ್‌ಸೈಟಿನ ‘ಲಾಸ್‌ಲೆಸ್’ ಪದವನ್ನು ಮೊನ್ನೆಯೇ ತೆಗೆಸಿದನಂತೆ. ಈ ಸಲ ನಾನು ಯಂತ್ರದಿಂದ ದೂರ ಕೂತೆ. ಅಕ್ಕನೇ ಗುಂಡಿ ಒತ್ತಿದರು.
ಕಿರ್ರೆನ್ನಲಿಲ್ಲ. ಪುಡಿಯಿಲ್ಲ. ನಾಲ್ಕೂ ಟ್ರೊಂಬೋನ್ ಬೇರೆ ಬೇರೆ — ಎಡದಿಂದ ಬಲಕ್ಕೆ ಎಣಿಸಬಹುದು! ಕಂಪ್ಯೂಟರಿಗೂ ಚೂರೂ ಕಳೆಯದಂತೆ ಇಳಿಯುತ್ತಿದೆ. ನಿಶಿತಾನಿಯ ಪೆನ್ಸಿಲ್ ಓಡುತ್ತಿದೆ.
“ಯಜಮಾನ್ರೇ, ಡೈರಿ ಆಮೇಲೆ! ಟ್ರಂಪೆಟ್ ಭಾಗ ಯಾರು ಬರೀತಾರೆ, ನಮ್ಮಪ್ಪನಾ? ಹಾಳೆ ಹಿಡೀರಿ—”
ಎರಡನೇ ಟ್ರಂಪೆಟ್. ಇದು ನಾನೇ. ಇಪ್ಪತ್ತೆರಡರ ನಾನು. ಉಸಿರೆಳೆದುಕೊಂಡ ಸದ್ದು ಕೂಡ... ಈಗ ಅವನು ಎದ್ದು ನಿಂತು ಒಬ್ಬನೇ ನುಡಿಸುವ ಸರದಿ. ಡೈರಿ ಸಾಕು, ಹಾಳೆ ಎಲ್ಲಿ—