ಮೇಡಂ ಬರುತ್ತಾರೆಂದು ಬಳಿದ ಗೋಡೆ

ಜೂನ್ 3, ಬೆಳಿಗ್ಗೆ 7

ತಮ್ಮಾ, ನಿನ್ನ ಮೊಣಕಾಲು ಹೇಗಿದೆ? ನಾದಿನಿಯ ಕೆಮ್ಮು ನಿಂತಿತೇ? ಪುಟ್ಟಿಯ ಹಲ್ಲಿಗೆ ತಂತಿ ಹಾಕಿಸಿದಿರೋ ಇಲ್ಲವೋ? ಈ ದಿನಚರಿ ಪುಸ್ತಕ ಅಂಚೆಗೆ ಹೋಗುವುದಿಲ್ಲ, ಗೊತ್ತು. ಆದರೂ ನಿನ್ನನ್ನು ಕರೆಯದೆ ನನಗೆ ಬರೆಯಲು ಕೈ ಓಡುವುದಿಲ್ಲ.

ಮೂವತ್ತೊಂದು ವರ್ಷ ಬೇರೆಯವರ ಸಿನಿಮಾಗಳಿಗೆ ಮನೆ ಕಟ್ಟಿದೆ, ಕೆಡವಿದೆ. ಈಗ ನಾನೇ ನಿರ್ಮಾಪಕಿ. ಮೊದಲ ಸಿನಿಮಾ. ಕಲಾ ನಿರ್ದೇಶನ ಶಿಷ್ಯೆಗೆ ಬಿಟ್ಟಿದ್ದೇನೆ. ಬೀದಿಯ ಸೆಟ್ ಒಂದನ್ನು ಮಾತ್ರ, ಆಸೆ ತಡೆಯಲಾರದೆ, ನಾನೇ ಕಟ್ಟಿದೆ.

ಕಥೆ ಬಹುಪಾಲು ಒಂದು ಅಡುಗೆಮನೆಯೊಳಗೆ. ನಲವತ್ತು ವರ್ಷ ಅಲ್ಲೇ ಬೆಂದ ಅಜ್ಜಿ. ಆ ಅಡುಗೆಮನೆಯ ಗೋಡೆ ಅಷ್ಟು ಹಳೆಯದಾಗಿ ಕಾಣಲೆಂದು ಶಿಷ್ಯೆ ಹನ್ನೊಂದು ದಿನ ದುಡಿದಿದ್ದಾಳೆ. ಟೀ ಡಿಕಾಕ್ಷನ್, ಮಸಿ, ಎಣ್ಣೆ. ಒಲೆಯ ಪಕ್ಕ ಅಂಗೈ ಊರಿ ಊರಿ ಸವೆದ ಗುರುತು. ಅರ್ಧ ಶೂಟಿಂಗ್ ಮುಗಿದಿದೆ. ಬೇಕೆಂದೇ ನಾನು ಆ ಕಡೆ ಹೋಗಿಲ್ಲ. ಹೋದರೆ ಕೈ ಸುಮ್ಮನಿರುವುದಿಲ್ಲ. ನಾಳೆ ಹೋಗುತ್ತೇನೆ.

ಜೂನ್ 4, ಬೆಳಿಗ್ಗೆ 10

ಮೈಯೆಲ್ಲ ಉರಿಯುತ್ತಿದೆ. ಗೋಡೆ ಬೆಳ್ಳಗಿದೆ! ಹಾಲಿನ ಹಾಗೆ!

ಪ್ರೊಡಕ್ಷನ್ ಮ್ಯಾನೇಜರ್ ಹಲ್ಲು ಕಿರಿದು ನಿಂತಿದ್ದ. "ಮೇಡಂ, ನೀವು ಬರ್ತೀರಂತ ನಿನ್ನೆ ಸಂಜೆ ಎರಡು ಕೋಟ್ ಹೊಡೆಸಿದೆ. ತುಂಬಾ ಗಲೀಜಾಗಿತ್ತು."

"ಯಾರಪ್ಪಾ ನಿನಗೆ ಹೇಳಿದ್ದು?"

"ಹೇಳ್ಬೇಕಾ ಮೇಡಂ? ಪ್ರೊಡ್ಯೂಸರ್ ಬರೋವಾಗ ಹಾಗೇ ಬಿಡಕ್ಕಾಗತ್ತಾ?"

"ಅಯ್ಯೋ ಪುಣ್ಯಾತ್ಮಾ, ಅಜ್ಜಿಗೂ ಒಂದು ಫೇಶಿಯಲ್ ಮಾಡಿಸಿಬಿಡಬೇಕಿತ್ತು!"

ಲೈಟಿನವರು ನಕ್ಕರು. ನನಗೆ ನಗು ಬರಲಿಲ್ಲ. ಮೊನ್ನೆ ತೆಗೆದ ಶಾಟ್‌ನಲ್ಲಿ ಅಜ್ಜಿ ಮಸಿಗೋಡೆಗೆ ಒರಗಿದ್ದಾರೆ. ಇವತ್ತಿನದು ಅದರ ಮರುಕ್ಷಣ. ಅಜ್ಜಿಯ ಪಾತ್ರದ ಹಿರಿಯ ನಟಿ ಇರುವುದು ನಾಳಿದ್ದಿನವರೆಗೆ ಮಾತ್ರ—ಆಮೇಲೆ ಕಣ್ಣಿನ ಆಪರೇಷನ್, ತಿಂಗಳುಗಟ್ಟಲೆ ಲೈಟಿನ ಮುಂದೆ ನಿಲ್ಲುವಂತಿಲ್ಲ.

ಇದನ್ನೇ ತಾನೇ ನಾನು ಜೀವಮಾನವೆಲ್ಲ ಕಂಡದ್ದು? ನಿರ್ಮಾಪಕರು ಬಂದರೆ ಗುಡಿಸಲಿಗೂ ಹೊಸ ಪರದೆ. ನನ್ನ ಕೆಲಸ ಅವರ ಕಣ್ಣಿಗೆ ಕೆಲಸವಲ್ಲ, ಕೊಳೆ. ಈಗ ನನ್ನದೇ ಸಿನಿಮಾದಲ್ಲಿ, ನನಗೆ ಮರ್ಯಾದೆ ಕೊಡಲೆಂದೇ...

ಅದೇ ದಿನ, 12.30

ಅಂಗಿಯ ತೋಳು ಮಡಚಿ ಬ್ರಷ್ ಹಿಡಿದೆ. ಶಿಷ್ಯೆ ನನ್ನ ಮಣಿಕಟ್ಟು ಹಿಡಿದಳು.

"ಬೇಡ ಅಕ್ಕಾ."

"ಸಂಜೆಗೆ ಮುಗಿಸ್ತೀನಿ ಕಣೇ."

"ಮುಗಿಸ್ತೀರಿ. ಆದ್ರೆ ಅದು ನಿಮ್ಮ ಗೋಡೆ ಆಗತ್ತೆ, ಅಜ್ಜಿದಾಗಲ್ಲ. ಅವರ ಕೈ ಎಲ್ಲೆಲ್ಲಿ ತಾಗಿತ್ತು ಅಂತ ನನಗೆ ಗೊತ್ತು. ನಾಳೆ ಸಂಜೆವರೆಗೆ ಕೊಡಿ."

"ನಾಳೆ ಬೀದಿ ಸೀನ್ ಇದೆ. ಬಣ್ಣದವರೆಲ್ಲ ನಿನ್ನ ಜೊತೆ ನಿಂತರೆ ಅಲ್ಲಿ ಯಾರು? ದಿನ ಎಲ್ಲಿಂದ ತರಲಿ?"

"ನೀವು ತಾನೇ ಪ್ರೊಡ್ಯೂಸರ್?"

ಎಷ್ಟು ಸೊಕ್ಕು! ಇದೇ ಮಾತನ್ನು ಎಷ್ಟೋ ಸಲ ನಾನು ಬಾಯಿತುದಿಗೆ ತಂದು ನುಂಗಿದ್ದೆ. ಇವಳು ಆಡಿಯೇಬಿಟ್ಟಳು. ಬ್ರಷ್ ಅವಳ ಕೈಗಿಟ್ಟು ಹೊರಬಂದೆ. ನಿರ್ದೇಶಕನನ್ನು ಕರೆದು ಹೇಳಿದೆ—ಇನ್ನೊಂದು ದಿನದ ಶೂಟಿಂಗಿಗೆ ದುಡ್ಡಿಲ್ಲ, ಬೀದಿ ದೃಶ್ಯ ಬೇಡ, ಕೈಬಿಡೋಣ.

"ಅಕ್ಕಾ, ಅದು ನಿಮ್ಮ ಬೀದಿ!" ಎಂದ.

"ಗೊತ್ತಪ್ಪಾ. ಕುರುಡಿಯೇನಲ್ಲ ನಾನು."

ಜೂನ್ 6, ಸಂಜೆ 4

ನಿನ್ನೆ ಬರೆಯಲಿಲ್ಲ. ಬರೆದಿದ್ದರೆ ಬರೀ ಬೈಗುಳವಿರುತ್ತಿತ್ತು.

ಇವತ್ತು ಹಿರಿಯ ನಟಿ ಒಳಗೆ ಬಂದರು. ನೇರ ಹೋಗಿ ಒಲೆಯ ಪಕ್ಕ ಅಂಗೈ ಊರಿದರು. ಸವೆದ ಗುರುತಿನೊಳಗೆ ಸರಿಯಾಗಿ ಕೂತಿತು. ಎರಡೇ ಟೇಕ್. ಶಿಷ್ಯೆ ಮೂಲೆಯಲ್ಲಿ ನಿಂತು ಉಗುರಿನ ಮಸಿ ಕೆರೆದುಕೊಳ್ಳುತ್ತಿದ್ದಳು. ನನ್ನ ಕಡೆ ನೋಡಲೂ ಇಲ್ಲ. ಸರಿಯೇ, ನಾನೂ ಹೊಗಳಲಿಲ್ಲ.

ಮ್ಯಾನೇಜರ್ ಬಂದ. "ಮೇಡಂ, ಬೀದಿ ಸೆಟ್ ಬಿಚ್ಚಿಸ್ಲಾ?"

"ಕೇಳಿದ್ಯಲ್ಲಾ, ಪುಣ್ಯ. ಬಿಚ್ಚಿಸು."

ಕೋಪ ಇನ್ನೂ ಇಳಿದಿಲ್ಲ ತಮ್ಮಾ. ಯಾರ ಮೇಲೆ ಎಂದು ಕೇಳಬೇಡ. ಆ ಬೀದಿಗೆ ಹದಿನಾಲ್ಕು ಬಾಗಿಲು ಮಾಡಿಸಿದ್ದೆ. ಒಂದರಿಂದಲೂ ಯಾರೂ ಹೊರಗೆ ಕಾಲಿಡಲಿಲ್ಲ. ಈ ಹಾಳೆಗಳನ್ನು ಹರಿದು ನಿಜವಾಗಿಯೂ ಅಂಚೆಗೆ ಹಾಕುತ್ತೇನೆ. ಬೇಗ ಉತ್ತರ ಬರೆ. ಒಳ್ಳೆಯದು ಮಾಡಿದೆ ಅಕ್ಕಾ ಎಂದೆಲ್ಲ ಬೇಡ, ನಾಲ್ಕು ಸಾಲು ಬೈದಾದರೂ ಬರೆ... ತಾಳು, ಎದುರಿಗೇ ಹುಡುಗರು ಸೆಟ್ ಬಿಚ್ಚುತ್ತಿದ್ದಾರೆ, ಬಾಗಿಲನ್ನು ಹಾಗೆ ಎಳೆಯಬಾರದು, ಚೌಕಟ್ಟು ಸೀಳುತ್ತದೆ, ಮೊದಲು ಮೇಲಿನ ಸ್ಕ್ರೂ—